ದುಡಿದ ಮಾಂಸ, ಸಣ್ಣ ಉರಿ

ಕರ್ನಾಟಕದಲ್ಲಿ ದೊಡ್ಡ ಮಾಂಸ ಕಾನೂನಿನ ಪ್ರಕಾರ ಒಲೆ ಏರಬೇಕಾದರೆ ಪ್ರಾಣಿ ಎಮ್ಮೆಯೋ ಕೋಣವೋ ಆಗಿರಬೇಕು, ಅದಕ್ಕೆ 13 ವರ್ಷ ತುಂಬಿರಬೇಕು. 1964ರ ಹಳೆಯ ಕಾಯ್ದೆಯಲ್ಲಿ ವಯಸ್ಸಾಗಿ ಕೆಲಸಕ್ಕೆ ಬಾರದ ಎತ್ತಿಗೂ ಈ ದಾರಿ ತೆರೆದಿತ್ತು. 2020ರ ಕಾಯ್ದೆ ಅದನ್ನು ಮುಚ್ಚಿತು. ಇದರ ಪರ-ವಿರೋಧವಾಗಿ ವಿಧಾನಸೌಧದಲ್ಲೂ ಬೀದಿಯಲ್ಲೂ ಬೇಕಾದಷ್ಟು ಮಾತಾಗಿದೆ. ಒಲೆಯ ಮುಂದೆ ಕೂತು ಓದಿದವರು ಮಾತ್ರ ಕಡಿಮೆ. ಹಾಗೆ ಓದಿದವರಿಗೆ ಒಂದು ವಿಷಯ ತಟ್ಟನೆ ಹೊಳೆಯುತ್ತದೆ: ಇನ್ನು ನಮ್ಮ ಪಾತ್ರೆಗೆ ಬೀಳುವುದು ಮುದಿ ಮಾಂಸವೊಂದೇ. ಎಳೆಯದು ಸಿಕ್ಕೀತೆಂಬ ಆಸೆ ಬೇಡ. ಹಲವು ಮಳೆಗಾಲ ಕಂಡ, ನೊಗ ಹೊತ್ತ ಅಥವಾ ಸಾಲುಸಾಲು ಕರು ಹಾಕಿದ ಪ್ರಾಣಿಯದು ಅದು. ಬಣ್ಣ ಕಡುಗೆಂಪು, ಕೊಬ್ಬು ಬಿಳಿ, ನಾರು ಒರಟು. ಅದನ್ನು ಅರ್ಧ ಗಂಟೆಯಲ್ಲಿ ಹುರಿದು ತಿನ್ನುತ್ತೇನೆ ಎನ್ನುವವರು ಮೊದಲು ತಮ್ಮ ದವಡೆಯ ಕ್ಷೇಮ ನೋಡಿಕೊಳ್ಳಲಿ.

ಮೂಡಿಗೆರೆ, ಕಳಸ, ಬಾಳೆಹೊನ್ನೂರು, ನರಸಿಂಹರಾಜಪುರದ ಕಡೆ ಈ ಮಾಂಸ ಬೇಯಿಸುವ ಮನೆಗಳೆಲ್ಲ ಒಂದೇ ಜಾತಿಯವಲ್ಲ, ಒಂದೇ ಮಸಾಲೆಯವೂ ಅಲ್ಲ. ತೋಟದ ಲೈನ್ ಮನೆಗಳಲ್ಲಿ ಕೊತ್ತಂಬರಿ, ಒಣಮೆಣಸು ಅರೆದ ಖಾರದ ಸಾರು. ಕೇರಳದಿಂದ ಬಂದು ನೆಲೆಸಿದ ಕ್ರೈಸ್ತರ ಮನೆಯಲ್ಲಿ ತೆಂಗಿನಕಾಯಿಯ ಚೂರುಗಳೊಂದಿಗೆ ಕಪ್ಪಾಗುವ ತನಕ ಹುರಿದದ್ದು. ಘಟ್ಟದ ಕೆಳಗಿನಿಂದ ವ್ಯಾಪಾರಕ್ಕೆಂದು ಹತ್ತಿ ಬಂದ ಬ್ಯಾರಿಗಳದ್ದು ಇನ್ನೊಂದು ಹದ. ಮಂಗಳೂರು ಕಡೆಯ ಕ್ಯಾಥೊಲಿಕರ ಮನೆಗಳಲ್ಲಿ ವಿನೆಗರಿನ ಹುಳಿ. ರುಚಿಯಲ್ಲಿ ಇಷ್ಟೆಲ್ಲ ದೂರ ನಿಂತವರು ಒಂದು ಕಡೆ ಮಾತ್ರ ಒಟ್ಟಾಗುತ್ತಾರೆ. ಗಟ್ಟಿ ಮಾಂಸದ ಮುಂದೆ ಯಾರ ಜಾಣತನವೂ ನಡೆಯುವುದಿಲ್ಲ, ಎಲ್ಲರೂ ಕಾಯಲೇಬೇಕು.

ಈ ಕಾಯುವಿಕೆಯಲ್ಲಿ ನಿಜವಾಗಿ ನಡೆಯುವುದೇನು?

ಮಾಂಸಖಂಡವನ್ನು ಮೂಳೆಗೆ ಬಿಗಿದಿಡುವ, ಎಳೆ ಎಳೆಯನ್ನೂ ಸುತ್ತಿ ಹಿಡಿಯುವ ವಸ್ತು ಕೊಲಾಜೆನ್. ಅದರ ಆಕಾರ ಮೂರೆಳೆಯ ಹುರಿ ಎಂದು 1954ರಲ್ಲಿ ಮದ್ರಾಸಿನಲ್ಲಿ ಕೂತು ತೋರಿಸಿಕೊಟ್ಟವರು ಜಿ.ಎನ್. ರಾಮಚಂದ್ರನ್ ಮತ್ತು ಗೋಪಿನಾಥ ಕರ್ತ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಸಿ.ವಿ. ರಾಮನ್ ಅವರ ಬಳಿ ಪಳಗಿದ ರಾಮಚಂದ್ರನ್ ಈ ಕೆಲಸಕ್ಕೆ ಬಳಸಿದ್ದು ಕಾಂಗರೂ ಬಾಲದ ಸ್ನಾಯುರಜ್ಜು. ಜಿಗಿಯುವ ಪ್ರಾಣಿಯ ಬಾಲಕ್ಕೆ ಹುರಿ ಗಟ್ಟಿಯಿರಲೇಬೇಕಲ್ಲ! ದೇಹದ ಯಾವ ಭಾಗ ಹೆಚ್ಚು ದುಡಿಯುತ್ತದೋ ಅಲ್ಲಿ ಈ ಹುರಿ ಹೆಚ್ಚು: ಕಾಲು, ಕುತ್ತಿಗೆ, ಭುಜ, ದವಡೆ. ಪ್ರಾಣಿಗೆ ವಯಸ್ಸಾದಂತೆ ಹುರಿಗೂ ಹುರಿಗೂ ನಡುವೆ ಹೊಸ ಗಂಟು ಬೀಳುತ್ತ ಹೋಗುತ್ತದೆ. ಹಾಗಾಗಿ ಮುದಿ ಕೋಣನ ಮೊಣಕಾಲಿನ ಕೆಳಗಿನ ಮಾಂಸ ಬಗ್ಗುವುದು ನಿಧಾನ. ನೊಗ ಎಳೆದದ್ದು, ಕೆಸರಿನಿಂದ ಕಾಲು ಕಿತ್ತದ್ದು ಎಲ್ಲ ಈ ಹುರಿಯಲ್ಲೇ ಜಮೆಯಾಗಿರುತ್ತದೆ.

ಇದೇ ಹುರಿಯನ್ನು ಒಣಗಿಸಿ ಬಿಗಿದರೆ ಅದು ಚಂಡೆಯ ಮುಚ್ಚಿಗೆ. ರಾತ್ರಿಯಿಡೀ ಪೆಟ್ಟು ತಿಂದರೂ ಹರಿಯುವುದಿಲ್ಲ. ಹದ ಮಾಡಿದರೆ ಚಪ್ಪಲಿ. ನೀರಿನಲ್ಲಿ ಸಣ್ಣ ಉರಿಗಿಟ್ಟರೆ ಮಾತ್ರ ಅದು ತನ್ನ ಮೂರೆಳೆಯನ್ನು ತಾನೇ ಬಿಚ್ಚಿಕೊಂಡು ಜೆಲಟಿನ್ ಆಗಿ ಸಾರಿಗೆ ಇಳಿಯುತ್ತದೆ. ಕಾಲು ಮುರಿದವರಿಗೆ ಮೇಕೆ ಕಾಲಿನ ಸೂಪು ಕುಡಿಸುವ ನಮ್ಮ ಮನೆಗಳೆಲ್ಲ ಇದನ್ನು ಹೆಸರಿಲ್ಲದೆ ಬಲ್ಲವು. ತುಟಿಗೆ ತುಟಿ ಅಂಟುವ ಆ ಸಾರಿಗೆ ನಾವು ಹಿಟ್ಟು ಬೆರೆಸಿರುವುದಿಲ್ಲ. ಪ್ರಾಣಿಯ ಭಾರ ಹೊತ್ತಿದ್ದ ವಸ್ತುವೇ ಈಗ ಸಾರಿನ ಮಂದ.

ನಾನು ಬೇಯಿಸುವ ರೀತಿಯಲ್ಲಿ ಹೊಸದೇನೂ ಇಲ್ಲ. ಮೂಳೆ ಸಮೇತದ ಕಾಲಿನ ಮಾಂಸ ಒಂದು ಕೆ.ಜಿ., ನಲ್ಲಿ ಮೂಳೆ ಇದ್ದರೆ ಇನ್ನೂ ಒಳ್ಳೆಯದು. ತುಂಡು ದೊಡ್ಡದಿರಲಿ, ಚಿಕ್ಕದಾದರೆ ಕೊನೆಗೆ ಎಳೆ ಎಳೆಯಾಗಿ ಕಳೆದುಹೋಗುತ್ತದೆ. ಉಪ್ಪು, ಅರಿಶಿನ, ಕುಟ್ಟಿದ ಕಾಳುಮೆಣಸು, ನೆನೆಸಿ ಹಿಂಡಿದ ಉಪ್ಪಾಗೆ ಹುಳಿ ಸವರಿ ರಾತ್ರಿ ಮುಚ್ಚಿಡುವುದು. ಬೆಳಗ್ಗೆ ದಪ್ಪ ತಳದ ಪಾತ್ರೆಯಲ್ಲಿ ಎಣ್ಣೆ ಕಾಯಿಸಿ, ತುಂಡುಗಳನ್ನು ಒಂದಕ್ಕೊಂದು ತಾಗದಂತೆ ಇಟ್ಟು, ಎಲ್ಲ ಮಗ್ಗುಲೂ ಕಂದಾಗುವವರೆಗೆ ಬಾಡಿಸಬೇಕು. ರುಚಿಯ ಅರ್ಧ ಪಾಲು ಈ ಕಂದಿನಲ್ಲಿದೆ. ನೀರು ಬಿದ್ದ ಮೇಲೆ ಎಷ್ಟು ಬೇಯಿಸಿದರೂ ಅದು ಬರುವುದಿಲ್ಲ. ಆಮೇಲೆ ಮಾಂಸದಷ್ಟೇ ಎನ್ನುವ ಹಾಗೆ ಈರುಳ್ಳಿ, ಜಜ್ಜಿದ ಶುಂಠಿ-ಬೆಳ್ಳುಳ್ಳಿ, ನಾಲ್ಕು ಸೂಜಿಮೆಣಸು, ಹುರಿದು ಪುಡಿ ಮಾಡಿದ ಕೊತ್ತಂಬರಿ, ಲವಂಗ, ಚಕ್ಕೆ. ನೀರು ತುಂಡುಗಳ ಅರ್ಧ ಎತ್ತರಕ್ಕೆ ಸಾಕು. ಮುಳುಗಿಸಿದರೆ ಅದು ಸಾರಾದೀತು, ನನಗೆ ಬೇಕಾದದ್ದು ಬೇರೆ. ಬಿಗಿಯಾದ ಮುಚ್ಚಳ, ಸಾಧ್ಯವಾದರೆ ಮುಚ್ಚಳದ ಮೇಲೂ ನಾಲ್ಕು ಕೆಂಡ.

ಇಲ್ಲಿಂದ ಮೊದಲ ಒಂದು ಗಂಟೆ ಕಳೆದಾಗ ಕುತೂಹಲಕ್ಕೆ ಒಂದು ತುಂಡು ಬಾಯಿಗೆ ಹಾಕಿಕೊಂಡರೆ ಆಶ್ಚರ್ಯವಾಗುತ್ತದೆ. ಮಾಂಸ ಮೊದಲಿಗಿಂತ ಗಟ್ಟಿಯಾಗಿದೆ! 60 ಡಿಗ್ರಿ ದಾಟುತ್ತಿದ್ದಂತೆ ಮಾಂಸದ ಎಳೆಗಳು ಕುಗ್ಗಿ ತಮ್ಮೊಳಗಿನ ನೀರನ್ನು ಹಿಂಡಿ ಹೊರಗೆ ಹಾಕಿರುತ್ತವೆ. ಕೊಲಾಜೆನ್ ಇನ್ನೂ ಬಿಟ್ಟುಕೊಡಲು ಶುರುಮಾಡಿರುವುದಿಲ್ಲ. ಅದಕ್ಕೆ 70 ಡಿಗ್ರಿಯ ಮೇಲೆ ಗಂಟೆಗಟ್ಟಲೆ ಬೇಕು. ಒಂದು ಬಿಗಿದದ್ದಾಗಿದೆ, ಇನ್ನೊಂದು ಬಿಚ್ಚಿಲ್ಲ. ಅಡುಗೆ ಕೆಡುವುದು ಹೆಚ್ಚಾಗಿ ಈ ಹೊತ್ತಿನಲ್ಲೇ. ಬೇಯುತ್ತಿಲ್ಲ ಎಂದು ಸೌದೆ ತುರುಕುತ್ತಾರೆ, ನೀರು ಸುರಿಯುತ್ತಾರೆ, ಸೋಡಾ ಹಾಕುತ್ತಾರೆ. ಉರಿ ಜಾಸ್ತಿಯಾದರೆ ಎಳೆಗಳು ಇನ್ನಷ್ಟು ಹಿಂಡಿಕೊಂಡು ನಾರಾಗುತ್ತವೆ, ಅಷ್ಟೆ.

ಈ ನಡುವಿನ ಗಂಟೆ ನನ್ನನ್ನು ಬಹಳ ಯೋಚನೆಗೆ ಹಚ್ಚಿದೆ. ಮೆದುವಾಗುವುದೆಂದರೆ ಒಂದೇ ಸಮನೆ ಇಳಿಯುವ ಇಳಿಜಾರು ಎಂದುಕೊಂಡಿರುತ್ತೇವೆ. ಪಾತ್ರೆ ಹೇಳುವುದು ಹಾಗಲ್ಲ. ಶಾಖ ತಾಗಿದ ಮೊದಲ ಪರಿಣಾಮ ಬಿಗಿತ. ಮನುಷ್ಯರ ವಿಷಯಕ್ಕೆ ಇದನ್ನು ಎಳೆದು ತಂದು ಉಪದೇಶ ಮಾಡುವುದು ಸುಲಭ, ಅದಕ್ಕೇ ಮಾಡುವುದಿಲ್ಲ. ಗಮನಿಸಬೇಕಾದದ್ದು ಇನ್ನೊಂದಿದೆ: ಆ ಗಂಟೆಯಲ್ಲಿ ಮಾಂಸ ನೋಡಿ ಏನೂ ಗೊತ್ತಾಗುವುದಿಲ್ಲ. ಸರಿಯಾಗಿ ನಡೆಯುತ್ತಿರುವುದಕ್ಕೂ ಕೆಡುತ್ತಿರುವುದಕ್ಕೂ ಹೊರಗಿನ ಲಕ್ಷಣ ಒಂದೇ. ಆಗ ಕೈ ಕಟ್ಟಿ ಕೂರುವ ಧೈರ್ಯ ಬರುವುದು ಹಿಂದೆ ಯಾರೋ ಹಾಗೆ ಕೂತಿದ್ದನ್ನು ನೋಡಿದವರಿಗೆ ಮಾತ್ರ. ಬರೆದಿಟ್ಟ ಅಳತೆಯಿಂದ ಈ ಅಡುಗೆ ಕಲಿಯುವುದು ಕಷ್ಟವೆನ್ನುವುದು ಇದಕ್ಕೇ.

ಬೆಟ್ಟದ ಎತ್ತರದ ಲೆಕ್ಕ ಇಲ್ಲಿ ಕೆಲಸಕ್ಕೆ ಬರುವುದಿಲ್ಲ. ಮೂಡಿಗೆರೆಯಲ್ಲಿ ನೀರು ಕುದಿಯುವುದು ಸುಮಾರು 97 ಡಿಗ್ರಿಗೆ, ಮುಳ್ಳಯ್ಯನಗಿರಿಯ ತುದಿಯಲ್ಲಿ ಇನ್ನೂ ಮೂರು ಡಿಗ್ರಿ ಕಡಿಮೆ. ಬೇಳೆಗೆ ಅದು ತೊಂದರೆ, ಈ ಮಾಂಸಕ್ಕೆ ಅಲ್ಲ. ಇದು ಕುದಿಯಲೇಬಾರದು, ಆಗೊಮ್ಮೆ ಈಗೊಮ್ಮೆ ಒಂದು ಗುಳ್ಳೆ ಎದ್ದರೆ ಸಾಕು.

ಹಾಗಾದರೆ ಮೂರು-ನಾಲ್ಕು ಗಂಟೆ ಸಣ್ಣ ಉರಿ ಎಂದರೆ ಯಾರಿಗೆ ಸಾಧ್ಯ? ಕಾಫಿ ಕುಯ್ಲಿನ ದಿನಗಳಲ್ಲಿ ಬೆಳಗ್ಗೆ ತೋಟಕ್ಕೆ ಹೋದ ಹೆಂಗಸು ಸಂಜೆ ಹಣ್ಣು ತೂಕಕ್ಕೆ ಹಾಕಿ ಬರುವಷ್ಟರಲ್ಲಿ ಕತ್ತಲು. ಅವಳ ಹತ್ತಿರ ನಾಲ್ಕು ಗಂಟೆ ಎಲ್ಲಿದೆ? ಇದನ್ನು ಪುರುಸೊತ್ತಿನವರ ಅಡುಗೆ ಎನ್ನಬೇಕೆಂದು ನಾನೂ ಬಹುಕಾಲ ಅಂದುಕೊಂಡಿದ್ದೆ. ಆದರೆ ಮಲೆನಾಡಿನ ಹಳೆಯ ಮನೆಗಳಲ್ಲಿ ಬಚ್ಚಲ ಒಲೆ ಎಂಬುದೊಂದು ಇತ್ತು, ಈಗಲೂ ಹಲವು ಕಡೆ ಇದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗಂತೂ ಅದು ಆರುವುದೇ ಇಲ್ಲ. ಹಂಡೆಯ ನೀರು ಕಾಯಬೇಕು, ಒದ್ದೆ ಬಟ್ಟೆ, ಕಂಬಳಿ ಒಣಗಬೇಕು, ಮನೆಯ ಥಂಡಿ ಬಿಡಬೇಕು. ಸವರಿದ ಕಾಫಿ ಗಿಡದ ಕೊಂಬೆ, ಕಿತ್ತ ಹಳೆಯ ಬೊಡ್ಡೆ ತೋಟದಲ್ಲೇ ಸಿಗುತ್ತದೆ. ಕಾಫಿ ಮರ ಗಟ್ಟಿ, ಕೆಂಡ ಬಹಳ ಹೊತ್ತು ನಿಲ್ಲುತ್ತದೆ. ಅಂಥ ಕೆಂಡದ ಬದಿಯಲ್ಲಿ ಒಂದು ಪಾತ್ರೆ ಕೂರಿಸಿ ಮಲಗಿದರೆ ಬೆಳಗಾಗುವಷ್ಟರಲ್ಲಿ ಅದು ತನ್ನ ಪಾಡಿಗೆ ಬೆಂದಿರುತ್ತದೆ. ಯಾರ ಹೊತ್ತೂ ಖರ್ಚಾಗಲಿಲ್ಲ, ಸೌದೆಯೂ ಬೇರೆಯಾಗಿ ಬೇಕಾಗಲಿಲ್ಲ. ದೆಹಲಿ, ಲಖನೌಗಳ ನಿಹಾರಿಯೂ ರಾತ್ರಿ ಕೆಂಡದ ಮೇಲೆ ಬಿಟ್ಟು ಬೆಳಗ್ಗೆ ತೆಗೆಯುವ ಅಡುಗೆಯೇ.

ಈ ಲೆಕ್ಕ ತಲೆಕೆಳಗಾದದ್ದು ಗ್ಯಾಸ್ ಬಂದ ಮೇಲೆ. 14.2 ಕೆ.ಜಿ. ಸಿಲಿಂಡರಿನಲ್ಲಿ ಪ್ರತಿ ಗಂಟೆಗೂ ಬೆಲೆಯಿದೆ. ಈಗ ಸಣ್ಣ ಉರಿಯಲ್ಲಿ ಅರ್ಧ ದಿನ ಬೇಯಿಸುವುದು ಸ್ಥಿತಿವಂತರ ಹವ್ಯಾಸ. ದಿನಗೂಲಿಯ ಮನೆಯಲ್ಲಿ ಕುಕ್ಕರ್ ಕೂಗುತ್ತದೆ. ಕುಕ್ಕರಿನೊಳಗೆ 120 ಡಿಗ್ರಿಯ ಹತ್ತಿರ ಶಾಖ, ಮುಕ್ಕಾಲು ಗಂಟೆಯಲ್ಲಿ ಕೊಲಾಜೆನ್ ಕರಗುತ್ತದೆ, ನಿಜ. ಎಳೆ ಮಾತ್ರ ಒಣಗಿರುತ್ತದೆ, ಕಂದಿನ ರುಚಿ ತೆಳುವಾಗಿರುತ್ತದೆ. ಆದರೂ ಕುಕ್ಕರನ್ನು ಹಳಿಯಲು ನನಗೆ ಮನಸ್ಸು ಬಾರದು. ಬಡವರ ಕೈಯಲ್ಲಿದ್ದ ನಿಧಾನವನ್ನು ಕಿತ್ತುಕೊಂಡು, ಅದನ್ನೇ ಹೋಂಸ್ಟೇಯ ಫಲಕದಲ್ಲಿ ಬರೆದು ಮಾರುವ ಕಾಲದಲ್ಲಿ ಕುಕ್ಕರಿನ ಸೀಟಿಯನ್ನು ಆಡಿಕೊಳ್ಳುವುದು ನ್ಯಾಯವಲ್ಲ.

ಕುಕ್ಕರಿಗೆ ಇನ್ನೊಂದು ಗುಣವೂ ಇದೆ, ಅದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಅದು ವಾಸನೆಯನ್ನು ಬಚ್ಚಿಡುತ್ತದೆ. ಬಾಡಿಗೆ ಮನೆ ಕೇಳಲು ಹೋದವರಿಗೆ ಊರು, ಕೆಲಸದ ಜೊತೆಗೆ ಊಟದ ಪ್ರಶ್ನೆಯೂ ಬರುವ ನಮ್ಮ ಪೇಟೆಗಳಲ್ಲಿ ಇದು ಸಣ್ಣ ಸಂಗತಿಯಲ್ಲ. ತೆರೆದ ಒಲೆಯ ಮೇಲೆ ನಾಲ್ಕು ಗಂಟೆ ಕೂತ ಪಾತ್ರೆ ಮೆಣಸು, ಲವಂಗ, ಕೊಬ್ಬಿನ ಘಮವನ್ನು ಬೀದಿಗೆಲ್ಲ ಹಂಚುತ್ತದೆ. ಲೈನ್ ಮನೆಯಲ್ಲಿ ಗೋಡೆ ಒಂದೇ, ಗುಟ್ಟು ಇಲ್ಲ. ಅಲ್ಲಿ ಭಾನುವಾರದ ಘಮ ಎಲ್ಲರಿಗೂ ಗೊತ್ತು, ಯಾರಿಗೂ ಸುದ್ದಿಯಲ್ಲ. ಗುಟ್ಟು ಬೇಕಾಗುವುದು ಪೇಟೆಯ ಒಂಟಿ ಮನೆಗೆ. ಅಡುಗೆ ಅವಸರದ್ದಾಗುವುದಕ್ಕೆ ಗ್ಯಾಸಿನ ಬೆಲೆಯಷ್ಟೇ ಕಾರಣವಲ್ಲ. ಕದ ತೆಗೆದಿಟ್ಟು ಬೇಯಿಸಲಾಗದವರು ಬೇಗ ಬೇಯುವುದನ್ನೇ ಆರಿಸಿಕೊಳ್ಳುತ್ತಾರೆ. ನಿಧಾನಕ್ಕೆ ಬಿಡುವು ಬೇಕು, ಸೌದೆ ಬೇಕು, ಜೊತೆಗೆ ನೆರೆಯವರ ಬಗ್ಗೆ ಒಂದಿಷ್ಟು ನಿರ್ಭಯವೂ ಬೇಕು.

ಇಷ್ಟು ಹೇಳಿದ ಮೇಲೂ ಒಂದು ಮುಳ್ಳು ಗಂಟಲಲ್ಲಿ ಉಳಿಯುತ್ತದೆ. ದುಡಿದ ಪ್ರಾಣಿಯನ್ನು ತಿನ್ನುವುದು ಸರಿಯೇ? ಉತ್ತ ಕೋಣವನ್ನು ಅದರ ಮನೆಯವರು ತಿನ್ನುವುದಿಲ್ಲ, ಮಾರುತ್ತಾರೆ. ಮಾರುವಾಗ ಹಗ್ಗ ಬಿಚ್ಚಿ ತಾವೇ ಇಟ್ಟುಕೊಳ್ಳುತ್ತಾರೆ, ಕೊಟ್ಟಿಗೆಯ ಅದೃಷ್ಟ ಹಗ್ಗದ ಜೊತೆ ಹೋಗದಿರಲಿ ಎಂದು. ಎಲ್ಲಿಗೆ ಹೋಗುತ್ತದೆಂದು ಕೇಳುವುದಿಲ್ಲ, ಗೊತ್ತಿಲ್ಲದೆಯೂ ಇಲ್ಲ. ಪ್ರೀತಿಸಿದವನು ತಿನ್ನಲಿಲ್ಲ, ತಿಂದವನು ಅದರ ಹೆಸರನ್ನೂ ಅರಿಯ. ಇಬ್ಬರ ಮನಸ್ಸಾಕ್ಷಿಯೂ ಹೀಗೆ ಅರ್ಧರ್ಧ ಹಗುರ. ನನ್ನ ಅನಿಸಿಕೆಯಲ್ಲಿ ಮಾರಿದವನ ಪಾಲು ತಿಂದವನದಕ್ಕಿಂತ ಕಡಿಮೆಯೇನಲ್ಲ. ಬೈಗುಳ ಮಾತ್ರ ಒಂದೇ ಕಡೆ ಬೀಳುತ್ತದೆ. ಟಿಲ್ಲರ್ ಬಂದು, ಗದ್ದೆಗಳು ಅಡಿಕೆ ತೋಟಗಳಾಗಿ, ಉಳುವ ಕೋಣಗಳೇ ಕಡಿಮೆಯಾದವು. ಮುಂದೆ ಈ ಪ್ರಶ್ನೆ ಎತ್ತುವ ಅಗತ್ಯವೂ ಬೀಳದಿರಬಹುದು. ಅದರಿಂದ ಪ್ರಶ್ನೆಗೆ ಉತ್ತರ ಸಿಕ್ಕಿತೆಂದಾಗುವುದಿಲ್ಲ.

ತಿನ್ನದಿರುವುದು ಒಂದು ಉತ್ತರ. ಅದನ್ನು ಬಾಳುವವರನ್ನು ನಾನು ಗೌರವಿಸುತ್ತೇನೆ. ತಿನ್ನುವವರಿಗಾದರೋ ಉಳಿದ ದಾರಿ ಹಾಳುಮಾಡದಿರುವುದು. ಅವಸರದಲ್ಲಿ ನಾರಾಗಿಸಿ ಎಲೆಯ ಬದಿಗೆ ಉಗಿಯುವ ಮಾಂಸಕ್ಕಿಂತ ದೊಡ್ಡ ಅವಮಾನ ಆ ಪ್ರಾಣಿಗೆ ಇನ್ನೊಂದಿಲ್ಲ. ದುಬಾರಿ ಬೆಲೆಗೆ ಹೋಗುವುದು ಬೆನ್ನಿನ ಒಳಭಾಗದ ಮೆತ್ತನೆಯ ಪಟ್ಟಿ, ಪ್ರಾಣಿ ಬದುಕಿದ್ದಾಗ ಅತಿ ಕಡಿಮೆ ದುಡಿದ ಭಾಗ. ನನಗೆ ಕಾಲಿನದೇ ಇರಲಿ.

ರಾತ್ರಿ ಇಳಿಸಿಟ್ಟ ಪಾತ್ರೆ ಡಿಸೆಂಬರಿನ ಚಳಿಗೆ ಬೆಳಗ್ಗೆ ಫ್ರಿಜ್ ಇಲ್ಲದೆಯೇ ಹೆಪ್ಪುಗಟ್ಟಿರುತ್ತದೆ, ಮೇಲೆ ಕೊಬ್ಬಿನ ಬಿಳಿ ಪದರ. ಅದನ್ನು ಪೂರ್ತಿ ತೆಗೆಯಬಾರದು. ಮತ್ತೆ ಬಿಸಿ ಮಾಡಿದಾಗ ಮೊದಲ ದಿನಕ್ಕಿಂತ ರುಚಿ. ಮಸಾಲೆಯ ಖಾರ ಅಡಗಿ ಹುಳಿ ಮುಂದೆ ಬಂದಿರುತ್ತದೆ. ಕಡುಬು ಇದಕ್ಕೆ ಸರಿಯಾದ ಜೋಡಿ, ಅಕ್ಕಿ ರೊಟ್ಟಿ ಎರಡನೆಯದು. ನೀರ್ದೋಸೆ ತೀರ ತೆಳು, ಈ ಗಸಿಯ ಭಾರ ತಡೆಯದು.

ಬೆಂದಿತೋ ಇಲ್ಲವೋ ಎನ್ನುವುದಕ್ಕೆ ಚಾಕು ಚುಚ್ಚಿ ನೋಡುವವರಿದ್ದಾರೆ. ನಾನು ಕಂಡ ಮನೆಗಳಲ್ಲಿ ತೀರ್ಮಾನ ಹಲ್ಲಿಲ್ಲದವರದ್ದು. ಮೊದಲ ತುಂಡು ಅಜ್ಜಿಯ ತಟ್ಟೆಗೆ ಹೋಗುತ್ತದೆ. ಬೇರೆ ಯಾವ ಮಾಂಸವನ್ನೂ ತಿನ್ನಲಾಗದ ಆ ವಸಡಿಗೆ ಇದು ಒಪ್ಪಬೇಕು. ಅವರು ನಾಲಿಗೆಯಲ್ಲಿ ಹೊರಳಿಸಿ, ಮೇಲಿನ ಅಂಗುಳಿಗೆ ಒತ್ತಿ ನೋಡಿ, "ಇನ್ನೂ ಆಗ್ಲಿಲ್ಲ ಮಾರಾಯ್ತಿ, ಮುಚ್ಚಿಡು" ಅಂದರೆ ಮುಗಿಯಿತು. ಹಸಿದ ಮಕ್ಕಳು ಎಷ್ಟೇ ಗಲಾಟೆ ಮಾಡಲಿ, ಕಡುಬು ತಟ್ಟೆಯಲ್ಲೇ ಆರಲಿ, ಇನ್ನೊಂದು ಅರ್ಧ ಗಂಟೆ ಯಾರಿಗೂ ಬಡಿಸುವುದಿಲ್ಲ.