ಕೊಟ್ಟ ಮಾತಿನ ಭಾರ

ಮಾತು ನುಡಿದೊಡನೆ ಗಾಳಿಯಲ್ಲಿ ಲೀನವಾಗತಕ್ಕದ್ದು. ಅದನ್ನು ನಿಲ್ಲಿಸಿಕೊಳ್ಳುವುದಕ್ಕಾಗಿ ಮಾನವನು ಆದಿಯಿಂದಲೂ ಸಾಕ್ಷಿಯನ್ನು ಅರಸುತ್ತ ಬಂದಿದ್ದಾನೆ. ನಮ್ಮ ಶಿವಮೊಗ್ಗ ಜಿಲ್ಲೆಯ ಶಾಸನಗಳನ್ನು ಬಿ. ಎಲ್. ರೈಸ್ ಅವರು 1902 ಮತ್ತು 1904ರಲ್ಲಿ ಎರಡು ಸಂಪುಟಗಳಾಗಿ ಪ್ರಕಟಿಸಿದರು. ಅವುಗಳಲ್ಲಿಯ ದಾನಶಾಸನಗಳನ್ನು ಓದಿದವರಿಗೆ ಕೊನೆಯ ಶಾಪಾಶಯವು ಪರಿಚಿತವೇ ಆಗಿದೆ. ಕೊಟ್ಟ ಭೂಮಿಯನ್ನು ಕಸಿದವನು ಅರವತ್ತು ಸಾವಿರ ವರ್ಷ ಅಮೇಧ್ಯದಲ್ಲಿ ಹುಳುವಾಗಿ ಹುಟ್ಟುವನು. ವಾರಣಾಸಿಯಲ್ಲಿ ಕಪಿಲೆಯನ್ನು ಕೊಂದ ಪಾಪಕ್ಕೆ ಗುರಿಯಾಗುವನು. ಕಲ್ಲಿನ ನೆತ್ತಿಯಲ್ಲಿ ಸಾಕ್ಷಿಯಾಗಿ ಸೂರ್ಯಚಂದ್ರರು. ಈ ಶಾಪ ಯಾರಿಗೆ? ದಾನ ಪಡೆದ ದುರ್ಬಲನಿಗಲ್ಲ. ಅದನ್ನು ಕಸಿಯಬಲ್ಲ ಪ್ರಬಲನಿಗೆ. ಕೊಡುವುದಕ್ಕಿಂತ ಕೊಟ್ಟದ್ದನ್ನು ಪಾಲಿಸುವುದೇ ಹೆಚ್ಚೆಂದು ಶಾಸನಕಾರರು ಸಾರಿದುದರ ಮರ್ಮವೂ ಇದೇ.

ಇದೇ ವಿಚಾರವು ಬೈಬಲ್ಲಿನಲ್ಲಿ ಮತ್ತೊಂದು ರೂಪದಲ್ಲಿ ಬಂದಿದೆ. ಭದ್ರಾವತಿಯಲ್ಲಿ 1923ರಲ್ಲಿ ಕಬ್ಬಿಣದ ಉತ್ಪಾದನೆ ಆರಂಭವಾದಂದಿನಿಂದ ನಾನಾ ಮತದ ಕಾರ್ಮಿಕರು ನೆರೆಹೊರೆಯಾಗಿ ಬಾಳಿದ್ದಾರೆ. ನೆರೆಯವರ ಧರ್ಮಗ್ರಂಥವನ್ನು ಆದರದಿಂದ ಅರಿಯುವುದು ನಮಗೆ ಉಚಿತವೇ ಸರಿ. ಕನ್ನಡ ಬೈಬಲ್ಲಿನ 'ಒಡಂಬಡಿಕೆ' ಎಂಬ ಪದಕ್ಕೆ ಹೀಬ್ರೂ ಭಾಷೆಯಲ್ಲಿ 'ಬೆರೀತ್' ಎಂದು ಹೆಸರು. ಆ ಭಾಷೆಯಲ್ಲಿ ಒಡಂಬಡಿಕೆಯನ್ನು 'ಮಾಡುವುದಿಲ್ಲ', 'ಕಡಿಯುತ್ತಾರೆ'. ಪಶುವನ್ನು ಎರಡು ಹೋಳು ಮಾಡಿ ನಡುವೆ ಹಾದುಹೋಗುವ ಪ್ರಾಚೀನ ವಿಧಿಯ ನೆನಪು ಆ ನುಡಿಯಲ್ಲಿದೆ. ಸಿರಿಯಾ ದೇಶದ ಸೆಫೀರೆಯಲ್ಲಿ ದೊರೆತ ಕ್ರಿಸ್ತಪೂರ್ವ 8ನೆಯ ಶತಮಾನದ ಶಾಸನವೊಂದು, ಮಾತಿಗೆ ತಪ್ಪಿದ ಅರಸನಿಗೆ ಕಡಿದ ಕರುವಿನ ಗತಿಯೇ ಬರಲೆಂದು ಶಪಿಸುತ್ತದೆ.

ಆದಿಕಾಂಡದ 15ನೆಯ ಅಧ್ಯಾಯದಲ್ಲಿ ಅಬ್ರಾಮನು ಕಡಸು, ಆಡು, ಟಗರುಗಳನ್ನು ಸೀಳಿ ಎದುರುಬದುರಾಗಿ ಇಡುತ್ತಾನೆ. ಸೂರ್ಯಾಸ್ತದ ವೇಳೆ ಅವನಿಗೆ ಗಾಢನಿದ್ರೆ ಕವಿಯುತ್ತದೆ. ಕತ್ತಲೆಯಲ್ಲಿ ಹೊಗೆಯಾಡುವ ಒಲೆಯೂ ಉರಿಯುವ ಪಂಜೂ ಹೋಳುಗಳ ನಡುವೆ ಹಾದುಹೋಗುತ್ತವೆ. ಅಬ್ರಾಮನು ಹಾದುಹೋಗುವುದಿಲ್ಲ. ಇಲ್ಲಿ ಶಾಪದ ಮಾತೇ ಇಲ್ಲವೆಂದು ಕೆಲವು ವಿದ್ವಾಂಸರ ಮತ. ದೇವನು ಆಣೆಯ ಭಾರವನ್ನು ತಾನೇ ಹೊತ್ತನೆಂದು ಹಲವರ ವ್ಯಾಖ್ಯಾನ. ಎರಡರಲ್ಲಿ ಯಾವುದನ್ನು ಒಪ್ಪಿದರೂ ಒಂದಂಶ ಸ್ಪಷ್ಟ: ಪ್ರಬಲನೇ ಕಟ್ಟುಬಿದ್ದನು, ದುರ್ಬಲನು ನಿದ್ರಿಸಿದನು.

ಯೆರೆಮೀಯನ ಗ್ರಂಥದ 34ನೆಯ ಅಧ್ಯಾಯವು ಇದಕ್ಕೆ ವಿಪರೀತವಾದುದು. ಯೆರೂಸಲೇಮಿನ ಪ್ರಮುಖರು ಕರುವಿನ ಹೋಳುಗಳ ನಡುವೆ ಹಾದು, ದಾಸದಾಸಿಯರನ್ನು ಬಿಡುಗಡೆ ಮಾಡಿದರು. ಅನಂತರ ಅವರನ್ನೇ ಮತ್ತೆ ದಾಸ್ಯಕ್ಕೆ ಎಳೆತಂದರು. ವಿಧಿಯಲ್ಲಿ ಲೋಪವಿರಲಿಲ್ಲ, ನಡತೆ ಮಾತ್ರ ಸತ್ತಿತ್ತು. ಪ್ರವಾದಿಯ ಕೋಪ ಈ ದ್ರೋಹದ ಮೇಲೆ. ನಮ್ಮ ದೇಶದಲ್ಲಿ ಜೀತಪದ್ಧತಿಯನ್ನು ಕಾನೂನು 1976ರಲ್ಲಿ ರದ್ದುಗೊಳಿಸಿತು. ಕಾಗದದ ಮೇಲೆ ಬಿಡುಗಡೆ ಮಾಡಿ ಸಾಲದ ಲೆಕ್ಕದಲ್ಲಿ ಮತ್ತೆ ಕಟ್ಟಿಹಾಕುವವನು ಆ ಯೆರೂಸಲೇಮಿನ ಪ್ರಮುಖನಿಗೆ ಹೊರತಾದವನೇ?

ಸಮಬಲರಿಗೆ ಕೊಟ್ಟ ಮಾತನ್ನು ನ್ಯಾಯಾಲಯ ಕಾಯುತ್ತದೆ. ಕೂಲಿಯವನಿಗೆ, ವಿಧವೆಗೆ, ಓದುಬರಹವಿಲ್ಲದ ಗೇಣಿದಾರನಿಗೆ ಬಾಯಿಮಾತಿನಲ್ಲಿ ಕೊಟ್ಟ ಭಾಷೆಯನ್ನು ಕಾಯುವವರು ಯಾರು? ಕೊಟ್ಟವನ ಅಂತಃಸಾಕ್ಷಿಯೊಂದೇ. ಧರ್ಮದ ಪರೀಕ್ಷೆ ಅಲ್ಲಿಯೇ.

ಬಸವಾದಿ ಶರಣರು ಪ್ರಾಣಿಬಲಿಯನ್ನು ನಿರಾಕರಿಸಿದರು. ಆದರೆ ಒಡಂಬಡಿಕೆಯನ್ನು ನಿರಾಕರಿಸಲಿಲ್ಲ. ದೀಕ್ಷೆಯಲ್ಲಿ ಗುರುವು ಶಿಷ್ಯನ ಮಸ್ತಕದ ಮೇಲೆ ಹಸ್ತವನ್ನಿಟ್ಟು, ಕರಸ್ಥಲಕ್ಕೆ ಇಷ್ಟಲಿಂಗವನ್ನು ಅನುಗ್ರಹಿಸುತ್ತಾನೆ. ಅಲ್ಲಿ ರಕ್ತವಿಲ್ಲ, ಶಾಪವಿಲ್ಲ. ಶಿಷ್ಯನ ಉದ್ಧಾರದ ಹೊಣೆಯನ್ನು ಗುರುವು ಹೊರುತ್ತಾನೆ; ಶಿಷ್ಯನು ಆಚಾರದ ಹೊಣೆಯನ್ನು ಹೊರುತ್ತಾನೆ. ಕಲ್ಲಿನ ಮೇಲಣ ಸೂರ್ಯಚಂದ್ರರು ದೂರದ ಸಾಕ್ಷಿಗಳು. ಕರಸ್ಥಲದ ಲಿಂಗವು ಅಂಗದ ಮೇಲಣ ಸಾಕ್ಷಿ. ಬೆಳಗ್ಗೆ ಲಿಂಗವನ್ನು ಹಿಡಿದ ಕೈ ಸಂಜೆ ಬಡವನ ಕೂಲಿಯನ್ನು ತಡೆಹಿಡಿದರೆ ಆ ಪೂಜೆ ಹೋಳುಗಳ ನಡುವಣ ನಡಿಗೆಯಷ್ಟೇ ವ್ಯರ್ಥ. ಸದ್ಭಕ್ತರು ಪೂಜೆಯ ಕೊನೆಯಲ್ಲಿ, ತಮಗಿಂತ ದುರ್ಬಲರಿಗೆ ಕೊಟ್ಟ ಮಾತುಗಳಲ್ಲಿ ಸಲ್ಲದೆ ಉಳಿದದ್ದು ಯಾವುದೆಂದು ಒಮ್ಮೆ ಎಣಿಸಿಕೊಳ್ಳಲಿ. ಅದನ್ನು ಸಲ್ಲಿಸುವುದೇ ಲಿಂಗಾರ್ಚನೆಯ ಪೂರ್ಣತೆ.