ಗೈರುಹಾಜರಿ ಒಪ್ಪಿಗೆಯೇ?



ವಿಚ್ಛೇದನದ ವಿರುದ್ಧ ಹೆಂಡತಿ ಹಾಕಿದ ಅಪೀಲು, ವಿಚಾರಣೆಗೆ ಯಾರೂ ಬಾರದೆ ವಜಾ ಆಯಿತೆನ್ನಿ. ‘ಅವಳೇ ಸುಮ್ಮನಾದಳು’ ಎಂದು ಗಂಡನ ಕಡೆಯವರು ಮರುಮದುವೆಗೆ ಮಠದ ಒಪ್ಪಿಗೆ ಕೇಳಿದರೆ ಏನು ಹೇಳೋಣ?

ಲಿಂಗಾಯತರಿಗೂ ಅನ್ವಯಿಸುವ 1955ರ ಹಿಂದೂ ವಿವಾಹ ಕಾಯ್ದೆಯ 15ನೇ ಕಲಮಿನಂತೆ, ಅಪೀಲು ವಜಾ ಆದ ಮೇಲೆ ಮರುಮದುವೆಗೆ ಅಡ್ಡಿಯಿಲ್ಲ. ಆದರೆ ಅಪೀಲುದಾರರ ಗೈರುಹಾಜರಿಯಲ್ಲಿ ಗುಣದೋಷ ನೋಡಿ ವಜಾ ಮಾಡುವಂತಿಲ್ಲವೆಂದು ಸಿವಿಲ್ ಪ್ರಕ್ರಿಯಾ ಸಂಹಿತೆಯೇ ಹೇಳುತ್ತದೆ. ತಪ್ಪು ಯಾರದೆಂದು ಹೈಕೋರ್ಟು ನೋಡಲೇ ಇಲ್ಲ. ತಕ್ಕ ಕಾರಣವಿದ್ದರೆ 30 ದಿನದೊಳಗೆ ಅರ್ಜಿ ಹಾಕಿ ಅಪೀಲನ್ನು ಮತ್ತೆ ನಡೆಸಬಹುದು.

ಕುಟುಂಬ ನ್ಯಾಯಾಲಯದ ತೀರ್ಪಿಗೆ ಅಪೀಲು ನಡೆಯುವುದು ಚೆನ್ನೈನಲ್ಲಿ. ಪೆನ್ನಾಗರದ ಕಡೆಯ ಹೆಣ್ಣುಮಗಳಿಗೆ ಬಸ್ಸಿನ ಖರ್ಚೋ, ವಕೀಲರ ಫೀಜೋ, ಜೊತೆಗೆ ಬರುವವರೋ, ಯಾವುದು ಇರಲಿಲ್ಲವೋ! ಗಂಡನಿಗೂ ಹೊಸ ಬದುಕು ಬೇಡವೇ? ಬೇಕು. ಆದರೂ ಒಪ್ಪಿಗೆ ಕೊಡುವ ಮೊದಲು ಒಬ್ಬರು ಹೋಗಿ ಆಕೆಯನ್ನು ಕೇಳಿ ಬರಲಿ. ಮದುವೆ ಒಂದು ತಿಂಗಳು ತಡವಾದರೆ ಆಗಲಿ.