ಕಲ್ಲು ಬಂದ ಹಳಿ, ನೀರು ತಂದ ಹಳಿ

ದೇಶದ ಮೊದಲ ರೈಲು ಯಾವುದೆಂದು ಕೇಳಿ ನೋಡಿ, ಶಾಲೆಯ ಮಕ್ಕಳೂ ಥಟ್ಟನೆ ಹೇಳಿಬಿಡುತ್ತಾರೆ: ಬೊಂಬಾಯಿಯಿಂದ ಠಾಣೆಗೆ, 1853ರ ಏಪ್ರಿಲ್ 16ರಂದು. 14 ಬೋಗಿ, 400 ಮಂದಿ ಅತಿಥಿಗಳು, 21 ಕುಶಾಲತೋಪು. ಆದರೆ ಅದಕ್ಕೂ 16 ವರ್ಷ ಮೊದಲು, 1837ರಲ್ಲಿ, ಮದರಾಸಿನ ಹೊರಗೆ ಹಳಿಯ ಮೇಲೆ ಗಾಡಿ ಉರುಳಿತ್ತು. ಅದರಲ್ಲಿ ಅತಿಥಿಗಳಿರಲಿಲ್ಲ, ಇದ್ದದ್ದು ಬರೀ ಕಲ್ಲು.

ಪಟ್ಟಣದ ರಸ್ತೆಗಳಿಗೆ ಬೇಕಾದ ಕಲ್ಲನ್ನು ರೆಡ್ ಹಿಲ್ಸ್‌ನಿಂದ ಚಿಂತಾದ್ರಿಪೇಟೆಯ ಕಡೆಗೆ ಸಾಗಿಸಲು ಮದರಾಸು ಸೇನೆಯ ಎಂಜಿನಿಯರ್ ಆರ್ಥರ್ ಕಾಟನ್ ಹಾಕಿಸಿದ ಹಾದಿ ಅದು. ವಿಲಿಯಂ ಏವರಿಯ ಉಗಿಯಂತ್ರವನ್ನೂ ಅದರ ಮೇಲೆ ಓಡಿಸಿ ನೋಡಿದರು. ಇಂಗ್ಲೆಂಡಿನಲ್ಲಿ ಲಿವರ್‌ಪೂಲ್–ಮ್ಯಾಂಚೆಸ್ಟರ್ ರೈಲು ಶುರುವಾಗಿ ಆಗಿನ್ನೂ ಏಳೇ ವರ್ಷ.

ನನಗೆ ಬೆರಗು ಹುಟ್ಟಿಸುವುದು ಅದು ಮೊದಲನೆಯದು ಎಂಬುದಲ್ಲ. ಈ ನಾಡಿನಲ್ಲಿ ರೈಲು ಹುಟ್ಟಿದ್ದೇ ರಸ್ತೆಯ ಊಳಿಗಕ್ಕೆ! ಮಣ್ಣಿನ ದಾರಿಯಲ್ಲಿ ಚಕ್ರ ಹೂತು, ಎತ್ತುಗಳು ಬಾಯಲ್ಲಿ ನೊರೆ ಸುರಿಸುತ್ತಾ ಎಳೆಯುವ ಭಾರ, ಕಬ್ಬಿಣದ ಮೇಲೆ ಕಬ್ಬಿಣ ಉರುಳಿದಾಗ ಹಗುರಾಗಿಬಿಡುತ್ತದೆ. ಆ ಹಗುರವನ್ನು ಕಂಡುಕೊಂಡವರು ಮೊದಲು ಅದನ್ನು ಬಳಸಿದ್ದು ಒಳ್ಳೆಯ ದಾರಿ ಮಾಡಿಕೊಳ್ಳುವುದಕ್ಕೆ. ಹಳಿ ಕೆಲವೇ ವರ್ಷಗಳಲ್ಲಿ ಮೂಲೆ ಸೇರಿತು. ಯಾರೂ ಹತ್ತದ ರೈಲು ನಿಂತರೆ ಕಾಯುವವರು ಯಾರು? ಧನುಷ್ಕೋಟಿಯ ಹಳಿಯನ್ನು 1964ರ ಚಂಡಮಾರುತ ಕೊಚ್ಚಿಕೊಂಡು ಹೋದದ್ದನ್ನು ನೆನೆದು ಮರುಗುವವರು ಇಂದಿಗೂ ಇದ್ದಾರೆ. ರೆಡ್ ಹಿಲ್ಸ್ ಹಳಿಗೆ ಅಂಥ ಒಬ್ಬರೂ ಇಲ್ಲ.

ಇವತ್ತು ಚಿಂತಾದ್ರಿಪೇಟೆಯಲ್ಲಿ ನಿಂತರೆ ಮೂಗಿಗೆ ಬಡಿಯುವುದು ಮೀನು ಮಾರುಕಟ್ಟೆ. ಪಕ್ಕದಲ್ಲಿ ಕಪ್ಪಗೆ ಕೂವಂ ನದಿ, ತಲೆಯ ಮೇಲೆ ಕಾಂಕ್ರೀಟ್ ಕಂಬಗಳ ಮೇಲಿಂದ ಗಡಗಡ ಹಾಯುವ ಲೋಕಲ್ ರೈಲು. ಅತ್ತ ರೆಡ್ ಹಿಲ್ಸ್‌ನಲ್ಲಿ ಅಕ್ಕಿ ಗಿರಣಿಗಳು, ಕೋಲ್ಕತ್ತಾ ಹೆದ್ದಾರಿ, ಸಾಲುಗಟ್ಟಿದ ಲಾರಿಗಳು. ಕಲ್ಲು ಬಂದ ದಾರಿಯನ್ನು ಕೇಳಿದರೆ ಟೀ ಅಂಗಡಿಯವರು ಬಸ್ಸಿನ ನಂಬರು ಹೇಳುತ್ತಾರೆ.

ಕಾಟನ್ ಕಥೆ ಇನ್ನೂ ಸ್ವಾರಸ್ಯ. ಮುಂದೆ ಧವಳೇಶ್ವರದಲ್ಲಿ ಗೋದಾವರಿಗೆ ಆಣೆಕಟ್ಟು ಕಟ್ಟುವಾಗಲೂ ಅವರು ಕಲ್ಲು ಸಾಗಿಸಲು ಹಳಿ ಹಾಕಿಸಿದರು. ಆದರೆ ದೇಶದ ತುಂಬ ರೈಲು ಹಬ್ಬತೊಡಗಿದಾಗ ಅದೇ ಮನುಷ್ಯ, ಭಾರತಕ್ಕೆ ಬೇಕಾದದ್ದು ರೈಲಲ್ಲ, ಕಾಲುವೆ ಎಂದು ಪಟ್ಟು ಹಿಡಿದರು. ಹೊಲಕ್ಕೆ ನೀರೂ ಆಯಿತು, ದೋಣಿಗೆ ದಾರಿಯೂ ಆಯಿತು ಎಂಬುದು ಅವರ ಲೆಕ್ಕ. ತಾವೇ ಕಣ್ಣರಳಿಸಿ ನೋಡಿದ ಹೊಸತಿಗೆ ಕೊನೆಯವರೆಗೂ ಅಂಟಿಕೊಂಡು ಕೂರದವರು ಎಷ್ಟು ಮಂದಿ ಸಿಗುತ್ತಾರೆ?

ರೆಡ್ ಹಿಲ್ಸ್ ಮಟ್ಟಿಗಂತೂ ಅವರ ವಾದವೇ ಗೆದ್ದಂತಿತ್ತು. ಹಳಿ ಅಳಿಯಿತು. 1872ರಿಂದ ಅಲ್ಲಿನ ಕೆರೆಯ ನೀರು ಪಟ್ಟಣದ ಬಾಯಾರಿಕೆ ತಣಿಸತೊಡಗಿತು. ಒಂದೂವರೆ ಶತಮಾನ ಹೀಗೇ ನಡೆಯಿತು. 2019ರ ಬೇಸಿಗೆಯಲ್ಲಿ ಆ ಕೆರೆಯೇ ಬತ್ತಿ ತಳದ ಮಣ್ಣು ಬಿರುಕು ಬಿಟ್ಟಿತು. ಕೊಡಗಳ ಸಾಲು ಬೀದಿಯುದ್ದ ಬೆಳೆಯಿತು. ಜುಲೈನಲ್ಲಿ ಜೋಲಾರಪೇಟೆಯಿಂದ 50 ವ್ಯಾಗನ್‌ಗಳ ರೈಲು 25 ಲಕ್ಷ ಲೀಟರ್ ಕಾವೇರಿ ನೀರು ತುಂಬಿಕೊಂಡು ಮದರಾಸಿನ ವಿಲ್ಲಿವಾಕ್ಕಂಗೆ ಬಂತು.

ಕೊಡಗಿನಲ್ಲಿ ಹುಟ್ಟಿದ ಹೊಳೆ ರೈಲು ಹತ್ತಿ ಮದರಾಸಿಗೆ ಹೋಯಿತು ಎಂದರೆ ಕಾಟನ್ ಏನೆನ್ನುತ್ತಿದ್ದರೋ! ಕಾಲುವೆ ಮೇಲೋ ಹಳಿ ಮೇಲೋ ಎಂಬ ಜಗಳವನ್ನು ಆ ಒಂದು ಬೇಸಿಗೆ ಬಗೆಹರಿಸಲಿಲ್ಲ, ಸುಮ್ಮನೆ ಪಕ್ಕಕ್ಕಿಟ್ಟಿತು. ಯಾವುದನ್ನು ಯಾವುದು ಹೊರಬೇಕು ಎಂಬುದು ಎಂಜಿನಿಯರರ ಕೈಯಲ್ಲಿದೆ ಎಂದುಕೊಳ್ಳುತ್ತೇವೆ. ಕೊನೆಗೆ ಅದನ್ನು ತೀರ್ಮಾನಿಸುವುದು ಮಳೆ.